ಕೇಳಲು ನಾವು ಯಾರು?

ಕನ್ನಡ ಮಾಧ್ಯಮದ ತರಗತಿಗೆ ಕನ್ನಡ ಬಾರದ ಅಧ್ಯಾಪಕರು ನೇಮಕವಾಗಿ ಬಂದಾಗಲೆಲ್ಲ ಕಾಸರಗೋಡಿನ ನಾವು ಮಾಡುವುದು ಮೂರೇ ಕೆಲಸ: ಮನವಿ ಕೊಡುವುದು, ಧರಣಿ ಕೂರುವುದು, ಪತ್ರಿಕೆಗೆ ಹೇಳಿಕೆ ಕಳಿಸುವುದು. ನ್ಯಾಯಾಲಯದ ಮಾತೆತ್ತಿದರೆ ನಮ್ಮವರೇ ಅಡ್ಡ ಬರುತ್ತಾರೆ. "ಅದು ಪಿ.ಎಸ್.ಸಿ.ಗೂ ಉದ್ಯೋಗಾರ್ಥಿಗಳಿಗೂ ಸೇರಿದ ವಿಷಯ. ಕೇಳಲು ನಾವು ಯಾರು?" ಎನ್ನುತ್ತಾರೆ. ಈ ಪ್ರಶ್ನೆಯನ್ನೇ ನಾನಿಲ್ಲಿ ಎತ್ತಿಕೊಳ್ಳುತ್ತೇನೆ.

ಆಕ್ಷೇಪ ಪೂರ್ತಿ ಪೊಳ್ಳೇನೂ ಅಲ್ಲ. ಅರ್ಜಿ ಹಾಕುವವನಿಗೆ ಆ ಅರ್ಹತೆ ಇದೆಯೇ ಎಂಬುದನ್ನು ವಕೀಲರು 'ಲೋಕಸ್ ಸ್ಟ್ಯಾಂಡೈ' ಎನ್ನುತ್ತಾರೆ. ನೇಮಕಾತಿ, ಬಡ್ತಿಯಂಥ ಸೇವಾ ವಿಷಯಗಳಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿ ನಿಲ್ಲದೆಂದು 1998ರ ದುರ್ಯೋಧನ ಸಾಹು ಪ್ರಕರಣದಿಂದೀಚೆಗೆ ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಸಂಬಂಧವಿಲ್ಲದ ಮೂರನೆಯವರು ಬಂದು ತಕರಾರು ಎಬ್ಬಿಸಬಾರದೆಂಬುದು ಅದರ ತಾತ್ಪರ್ಯ. ಒಪ್ಪೋಣ. ಆದರೆ ಹೆತ್ತವರು ಮೂರನೆಯವರೇ?

ನಾನು ಬ್ಯಾಂಕಿನ ಗುಮಾಸ್ತ. ಬೇರೆಯವರ ಖಾತೆಯ ವಿವರ ಕೇಳಿ ಬಂದವರನ್ನು ಹಿಂದೆ ಕಳಿಸುವುದು ನನ್ನ ಕೆಲಸದಲ್ಲೊಂದು. ಆದರೆ ಚಿಕ್ಕ ಮಗುವಿನ ಖಾತೆಗೆ ರಕ್ಷಕರು ಸಹಿ ಹಾಕಿದರೆ 'ನೀವು ಯಾರು' ಎನ್ನುವ ಹಾಗಿಲ್ಲ. ಖಾತೆ ಮಗುವಿನದು, ಸಹಿ ರಕ್ಷಕರದು. ಅಧ್ಯಾಪಕರು ಹೇಳಿದ್ದು ಮಗುವಿಗೆ, ಮಗು ಕೇಳಿದ್ದು ಅಧ್ಯಾಪಕರಿಗೆ ಅರ್ಥವಾಗದೆ ವರ್ಷ ಕಳೆದರೆ ಆ ನಷ್ಟ ಯಾರ ಖಾತೆಗೆ? ಉದ್ಯೋಗಾರ್ಥಿ ಇನ್ನೊಂದು ಪರೀಕ್ಷೆ ಬರೆಯಬಹುದು. ಮಗುವಿಗೆ ಕಳೆದುಹೋದ ಐದನೇ ತರಗತಿ ಹಿಂದೆ ಬರುವುದಿಲ್ಲ.

ಭಾಷಾ ಅಲ್ಪಸಂಖ್ಯಾತ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಸಾಕಷ್ಟು ಸೌಕರ್ಯ ಒದಗಿಸಲು ಯತ್ನಿಸಬೇಕೆಂಬ 350ಎ ವಿಧಿ 1956ರಲ್ಲೇ ಸಂವಿಧಾನಕ್ಕೆ ಸೇರಿತು. ಬೋಧನೆ ಸಾಧ್ಯವಾದಷ್ಟು ಮಗುವಿನ ಮಾತೃಭಾಷೆಯಲ್ಲಿರಬೇಕೆಂದು 2009ರ ಶಿಕ್ಷಣ ಹಕ್ಕು ಕಾಯಿದೆಯ 29ನೇ ಕಲಮು ಹೇಳುತ್ತದೆ. 'ಯತ್ನ', 'ಸಾಧ್ಯವಾದಷ್ಟು' ಎಂಬ ಪದಗಳನ್ನು ಹಿಡಿದು ಸರಕಾರಿ ವಕೀಲರು ಜಾರಿಕೊಳ್ಳಬಹುದು. ಆಗ 2014ರ ಮೇ 6ರ ತೀರ್ಪನ್ನು ಮುಂದಿಡಬೇಕು. ಪ್ರಾಥಮಿಕ ಶಿಕ್ಷಣದ ಮಾಧ್ಯಮವನ್ನು ಆರಿಸುವ ಹಕ್ಕು ಮಗುವಿನದು, ಅದರ ಪರವಾಗಿ ಹೆತ್ತವರದು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಅಂದು ಹೇಳಿತು. ಕರ್ನಾಟಕ ಸರಕಾರ ಸೋತ ಆ ತೀರ್ಪಿನಿಂದ ಕನ್ನಡದ ಹಿತೈಷಿಗಳು ನೊಂದದ್ದು ಸಹಜ. ಗಡಿಯ ಈಚೆಗೆ ನಿಂತು ಅದನ್ನೇ ಓದಿ ನೋಡಿ. ಆಯ್ಕೆ ಹೆತ್ತವರದಾದರೆ, ಆರಿಸಿದ ಮಾಧ್ಯಮ ಶಾಲೆಯ ನಾಮಫಲಕದಲ್ಲಷ್ಟೇ ಉಳಿದಾಗ ಬಾಧಿತರೂ ಅವರೇ ಅಲ್ಲವೇ?

ಆದುದರಿಂದ ಅರ್ಜಿ ಸಂಘದ ಲೆಟರ್‌ಹೆಡ್ಡಿನಲ್ಲಿ ಹೋಗುವುದು ಬೇಡ. ಅದೇ ತರಗತಿಯ ಮಗುವಿನ ಹೆತ್ತವರ ಹೆಸರಿನಲ್ಲಿ, 226ನೇ ವಿಧಿಯಡಿ ಹೋಗಲಿ. ಒಬ್ಬರ ಅನ್ನ ಕಿತ್ತುಕೊಳ್ಳುವ ಬೇಡಿಕೆ ಅದರಲ್ಲಿರಬಾರದು. ಅವರನ್ನು ಮಲಯಾಳ ತರಗತಿಗೆ ಕಳಿಸಿ, ನಮ್ಮ ಮಕ್ಕಳಿಗೆ ಕನ್ನಡ ಬಲ್ಲವರನ್ನು ಕೊಡಿ ಎಂದಿರಲಿ. ಎ.ಇ.ಒ. ಕಚೇರಿಗೆ ಕೊಟ್ಟ ದೂರಿನ ಪ್ರತಿ ಸ್ವೀಕೃತಿ ಮುದ್ರೆಯೊಂದಿಗೆ ಜತೆಗಿರಲಿ. ತಡ ಮಾಡಿದರೆ ಶಾಲಾ ವರ್ಷವೇ ಮುಗಿದುಹೋಗುತ್ತದೆ.

ಎರ್ನಾಕುಳಂ ದೂರ, ವಕೀಲರ ಶುಲ್ಕ ದುಬಾರಿ ಎನ್ನುವಿರಾ? ಒಂದು ಸಮ್ಮೇಳನದ ಶಾಮಿಯಾನ, ಶಾಲು, ಹಾರಗಳ ಬಿಲ್ಲನ್ನು ಕೂಡಿಸಿ ನೋಡಿ. ವೇದಿಕೆಯ ಮೇಲೆ ಕನ್ನಡ ಉಳಿಸಿ ಎನ್ನುವ ನಮ್ಮ ಸಂಘಟನೆಗಳು ಒಬ್ಬ ಕೂಲಿಕಾರನ ಮಗಳ ಅರ್ಜಿಯ ಖರ್ಚು ಹೊರಲಿ.

ಈ ಸಂಚಿಕೆಯ ಮಲಯಾಳ ಪುಟಗಳನ್ನು ಓದುವ ಸ್ನೇಹಿತರಲ್ಲಿಯೂ ಒಂದು ಮಾತು. ಇದು ನಿಮ್ಮ ಭಾಷೆಯ ಮೇಲಿನ ಜಗಳವಲ್ಲ. ಮಲಯಾಳ ಬಾರದವರು ನಿಮ್ಮ ಮಗುವಿಗೆ ವಿಜ್ಞಾನ ಕಲಿಸಲು ಬಂದರೆ ನೀವು ಸುಮ್ಮನಿರುವಿರಾ? ಇರಲಾರಿರಿ, ಇರಲೂ ಬಾರದು. ಹಾಗಾದರೆ ನಮ್ಮ ಹೆತ್ತವರ ಅರ್ಜಿಗೆ ನೀವೂ ಬೆಂಬಲವಾಗಿ ನಿಲ್ಲಿ.