ತಕ್ಕಡಿಗೆ ಬಿದ್ದ ಜೀವ

ಆರಡಿ ಅಗಲ, ಹತ್ತಡಿ ಉದ್ದದ ಮಬ್ಬು ಕೋಣೆ. ಒಂದು ಮರದ ಕುರ್ಚಿ, ಒಂದು ಪುಟ್ಟ ಮೇಜು, ಜೈಲಿನ ಮಂಚ. 1871ರ ಏಪ್ರಿಲ್ ತಿಂಗಳ ಕೊನೆಯ ಭಾಗದಲ್ಲಿ ಅಮೆರಿಕದ ರಾಯಭಾರಿ ಎಲಿಹು ವಾಶ್‌ಬರ್ನ್ ಪ್ಯಾರಿಸ್ಸಿನ ಮಜಾಸ್ ಜೈಲಿನ ಈ ಕೋಣೆಗೆ ಬಂದರು. ಒಳಗಿದ್ದ ಕೈದಿಯ ಗಡ್ಡ ಬೆಳೆದಿತ್ತು, ಬೆನ್ನು ಬಾಗಿತ್ತು, ಕಾಯಿಲೆಯಿಂದ ಮುಖ ಸೊರಗಿತ್ತು. ಅವರು ಪ್ಯಾರಿಸ್ಸಿನ ಆರ್ಚ್‌ಬಿಷಪ್ ಜಾರ್ಜ್ ದಾರ್ಬ್ವಾ. ಹಿಡಿದು ಹಾಕಿದವರ ಬಗ್ಗೆ ಅವರ ಬಾಯಿಂದ ಒಂದು ಕಹಿ ಮಾತೂ ಬರಲಿಲ್ಲ. ಲೋಕ ಅಂದುಕೊಂಡಷ್ಟು ಕೆಟ್ಟವರಲ್ಲ ಇವರು ಎಂದೇ ಹೇಳಿದರು. ವಾಶ್‌ಬರ್ನ್ ಈ ಮಾತನ್ನು ತಮ್ಮ ಸರ್ಕಾರಕ್ಕೆ ಕಳಿಸಿದ ವರದಿಯಲ್ಲಿ ಬರೆದಿಟ್ಟರು.

ಇನ್ನೊಂದು ತಿಂಗಳಿಗೆ ದಾರ್ಬ್ವಾ ಗುಂಡೇಟಿಗೆ ಬಲಿಯಾದರು.

ಕೊಂದವರು ಯಾರು? ದಂಗೆಯೆದ್ದ ನಗರವನ್ನು ಆಗ ಆಳುತ್ತಿದ್ದ ಪ್ಯಾರಿಸ್ ಕಮ್ಯೂನ್ ಎಂಬ ಉತ್ತರ ಸಿದ್ಧವಾಗಿದೆ. ಅದು ಸುಳ್ಳಲ್ಲ, ಆದರೆ ಅರ್ಧ ಸತ್ಯ. ಉಳಿದರ್ಧವನ್ನೂ ಹೇಳದಿದ್ದರೆ ಈ ಸಾವಿನಿಂದ ನಾವು ಕಲಿಯುವುದೇನೂ ಇಲ್ಲ.

ದಾರ್ಬ್ವಾ ಹುಟ್ಟಿದ್ದು 1813ರಲ್ಲಿ, ಪೂರ್ವ ಫ್ರಾನ್ಸಿನ ಒಂದು ಸಣ್ಣ ಊರಿನಲ್ಲಿ. ಸೆಮಿನರಿಯಲ್ಲಿ ಪಾಠ ಹೇಳುತ್ತಿದ್ದ ವಿದ್ವಾಂಸರು. ತನ್ನದೇ ಇಗರ್ಜಿಯೊಳಗೆ ಕೊಲೆಯಾದ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಥಾಮಸ್ ಬೆಕೆಟ್ ಕುರಿತು ಗ್ರಂಥವನ್ನೂ ತಂದಿದ್ದರು. 1863ರಲ್ಲಿ ಅವರು ಏರಿದ ಪ್ಯಾರಿಸ್ ಪೀಠಕ್ಕೂ ರಕ್ತದ ಕಲೆ ಹೊಸದಾಗಿರಲಿಲ್ಲ. 1848ರ ಜೂನ್ ದಂಗೆಯಲ್ಲಿ ಸಂಧಾನಕ್ಕೆಂದು ಬೀದಿಯ ಅಡ್ಡಗಟ್ಟೆಯವರೆಗೆ ನಡೆದುಹೋದ ಆರ್ಚ್‌ಬಿಷಪ್ ಅಫ್ರ್ ಗುಂಡು ತಗುಲಿ ಸತ್ತಿದ್ದರು. 1857ರಲ್ಲಿ ಆರ್ಚ್‌ಬಿಷಪ್ ಸಿಬೂರ್ ಅವರನ್ನು ಒಬ್ಬ ಪಾದ್ರಿಯೇ ಇಗರ್ಜಿಯಲ್ಲಿ ಇರಿದು ಕೊಂದಿದ್ದ.

ದಾರ್ಬ್ವಾ ಮೂರನೇ ನೆಪೋಲಿಯನ್ನನಿಗೆ ಹತ್ತಿರದವರು, ಅವನ ಕಾಲದ ಸೆನೆಟರ್. ಹಾಗಾಗಿ ಬಿದ್ದುಹೋದ ಸಾಮ್ರಾಜ್ಯದ ಮುಖವನ್ನೇ ಪ್ಯಾರಿಸ್ಸಿನ ಕಾರ್ಮಿಕರು ಅವರಲ್ಲಿ ಕಂಡರೆ ಅಚ್ಚರಿಯಿಲ್ಲ. ಆದರೆ ರೋಮಿಗೆ ತಲೆಯಾಡಿಸುವ ಜಾತಿಯೂ ಅವರಲ್ಲ. ಪೋಪರ ವಿಧ್ಯುಕ್ತ ಧರ್ಮಬೋಧನೆಯಲ್ಲಿ ತಪ್ಪಿರಲಾರದು ಎಂಬ ಸಿದ್ಧಾಂತವನ್ನು 1870ರ ಬಿಷಪ್ಪರ ಮಹಾಸಭೆಯಲ್ಲಿ ವಿರೋಧಿಸಿದವರ ಮುಂದಾಳುಗಳಲ್ಲಿ ಅವರೂ ಒಬ್ಬರು. ಪೋಪರ ಮುನಿಸು ಮೊದಲೇ ಇತ್ತು, ಕಾರ್ಡಿನಲ್ ಪದವಿ ಕೊನೆಗೂ ಬರಲಿಲ್ಲ. ಅದೇ ವರ್ಷ ಪ್ರಷ್ಯನ್ ಸೇನೆ ಪ್ಯಾರಿಸ್ಸನ್ನು ಮುತ್ತಿದಾಗ ಊರು ಬಿಡದೆ ಗಾಯಾಳುಗಳ ಸೇವೆಗೆ ನಿಂತರು.

ಮುತ್ತಿಗೆಯ ಹಸಿವು, ಸೋಲಿನ ಅವಮಾನ ಎರಡನ್ನೂ ನುಂಗಿಕೊಂಡಿದ್ದ ಪ್ಯಾರಿಸ್ 1871ರ ಮಾರ್ಚ್ 18ರಂದು ಸಿಡಿಯಿತು. ತಿಯೇರ್ ನಾಯಕತ್ವದ ಸರ್ಕಾರ ವರ್ಸೈಗೆ ಕಾಲ್ತೆಗೆಯಿತು, ನಗರದಲ್ಲಿ ಕಮ್ಯೂನ್ ಆಡಳಿತ ಬಂತು. ಏಪ್ರಿಲ್ ಮೊದಲ ವಾರದಲ್ಲಿ ವರ್ಸೈ ಸೈನಿಕರು ತಮ್ಮ ಕೈಗೆ ಸಿಕ್ಕ ಕಮ್ಯೂನ್ ನಾಯಕರನ್ನು ವಿಚಾರಣೆಯಿಲ್ಲದೆ ಕೊಂದರು. ಏಪ್ರಿಲ್ 4ರಂದು ದಾರ್ಬ್ವಾ ಬಂಧನವಾಯಿತು. ಮರುದಿನ ಕಮ್ಯೂನ್ ಒಂದು ಶಾಸನ ಹೊರಡಿಸಿತು: ನಮ್ಮವನೊಬ್ಬನನ್ನು ಕೊಂದರೆ ಮೂವರು ಒತ್ತೆಯಾಳುಗಳನ್ನು ಕೊಲ್ಲುತ್ತೇವೆ.

ಒಬ್ಬನಿಗೆ ಮೂವರು! ಅಂಗಡಿಯ ಕಟ್ಟೆಯ ಮೇಲಿನ ತಕ್ಕಡಿಗೆ ಮನುಷ್ಯರನ್ನು ಹಾಕಿದ ಗಳಿಗೆ ಅದು. ಶಾಸನ ಏಪ್ರಿಲ್ಲಿನಲ್ಲೇ ಬಂದರೂ ಮೇ ಕೊನೆಯವರೆಗೆ ಒಬ್ಬ ಒತ್ತೆಯಾಳನ್ನೂ ಕಮ್ಯೂನ್ ಕೊಲ್ಲಲಿಲ್ಲ ಎಂಬುದನ್ನೂ ನೆನೆಯಬೇಕು. ಅವರಿಗೆ ಬೇಕಿದ್ದುದು ಬ್ಲಾಂಕಿ. ಬದುಕಿನ ಅರ್ಧದಷ್ಟನ್ನು ಜೈಲಿನಲ್ಲೇ ಕಳೆದ ಈ ಹಳೆಯ ಕ್ರಾಂತಿಕಾರಿಯನ್ನು ಸರ್ಕಾರ ದಂಗೆಯ ಹಿಂದಿನ ದಿನವಷ್ಟೇ ಹಿಡಿದಿತ್ತು. ಅವನನ್ನು ಕೊಡಿ, ಆರ್ಚ್‌ಬಿಷಪ್ಪರನ್ನು ಬಿಡುತ್ತೇವೆ ಎಂದು ಕಮ್ಯೂನ್ ಹೇಳಿತು. ದಾರ್ಬ್ವಾ ಬರೆದ ಪತ್ರವನ್ನು ತಿಯೇರ್ ಕೈಗೆ ಮುಟ್ಟಿಸಲು ಅವರ ಸಹಾಯಕ ಪಾದ್ರಿ ಲಗಾರ್ದ್ ವರ್ಸೈಗೆ ಹೊರಟರು. ತಿರುಗಿ ಬಂದೇ ಬರುತ್ತೇನೆಂದು ಮಾತು ಕೊಟ್ಟು ಹೋದವರು ವಾಪಸು ಬರಲಿಲ್ಲ. ಪುಣ್ಯಕೋಟಿಯ ಕಥೆ ಕೇಳಿ ಬೆಳೆದ ನಮಗೆ ಈ ಒಂದು ಸಂಗತಿ ಸಾಕು, ಎದೆ ಭಾರವಾಗುವುದಕ್ಕೆ.

ಕೊನೆಗೆ ಕಮ್ಯೂನ್ ತನ್ನ ಬೆಲೆಯನ್ನು ತಾನೇ ಇಳಿಸಿತು. ಬ್ಲಾಂಕಿ ಒಬ್ಬನಿಗೆ ಬದಲಾಗಿ ಎಪ್ಪತ್ತನಾಲ್ಕು ಒತ್ತೆಯಾಳುಗಳನ್ನೂ ಬಿಡುತ್ತೇವೆ ಎಂದಿತು. ತಿಯೇರ್ ಒಪ್ಪಲಿಲ್ಲ. ಬ್ಲಾಂಕಿಯನ್ನು ಕೊಡುವುದೂ ದಂಗೆಕೋರರಿಗೆ ಒಂದು ಸೈನ್ಯ ಕಳಿಸುವುದೂ ಒಂದೇ ಎಂಬುದು ಅವರ ಲೆಕ್ಕ. ಸರ್ಕಾರ ಒತ್ತೆಗೆ ಮಣಿದರೆ ನಾಳೆ ಇನ್ನಷ್ಟು ಜನ ಒತ್ತೆಯಾಗುತ್ತಾರೆ ಎಂಬ ವಾದದಲ್ಲಿ ಹುರುಳಿದೆ, ಒಪ್ಪುತ್ತೇನೆ. ಆದರೆ ಆ ವಾದ ಮಾಡುವ ಸರ್ಕಾರದ ಕೈ ಶುದ್ಧವಾಗಿರಬೇಕು. ವಿಚಾರಣೆಯಿಲ್ಲದೆ ಸೆರೆಯಾಳುಗಳನ್ನು ಕೊಂದು, ಆಮೇಲೆ ಕಾನೂನಿನ ಮಾತಾಡಿದರೆ ಯಾರು ನಂಬಬೇಕು? ದಾರ್ಬ್ವಾ ಜೀವ ತಿಯೇರ್ ತಕ್ಕಡಿಯಲ್ಲೂ ತೂಗಿತು, ಅಲ್ಲಿಯೂ ಹಗುರವಾಯಿತು.

ಮೇ 21ರಂದು ವರ್ಸೈ ಸೇನೆ ನಗರಕ್ಕೆ ನುಗ್ಗಿತು. ಬೀದಿಬೀದಿಯಲ್ಲಿ ಸಿಕ್ಕವರನ್ನು ಗೋಡೆಗೆ ನಿಲ್ಲಿಸಿ ಕೊಲ್ಲತೊಡಗಿತು. ಒತ್ತೆಯಾಳುಗಳನ್ನು ತೆರೆದ ಗಾಡಿಯಲ್ಲಿ, ಜನರ ಬೈಗುಳದ ನಡುವೆ, ಲಾ ರೊಕೆಟ್ ಜೈಲಿಗೆ ಸಾಗಿಸಲಾಯಿತು. 24ರ ಸಂಜೆ ಆರು ಹೆಸರುಗಳನ್ನು ಕೂಗಿದರು: ಆರ್ಚ್‌ಬಿಷಪ್, ಇನ್ನು ನಾಲ್ವರು ಪಾದ್ರಿಗಳು, ಬೊಂಜಾನ್ ಎಂಬ ವಯಸ್ಸಾದ ನ್ಯಾಯಾಧೀಶರು. ಬೊಂಜಾನ್ ದಾರ್ಬ್ವಾ ತೋಳನ್ನು ಆಸರೆಗೆ ಹಿಡಿದು ಮೆಟ್ಟಿಲಿಳಿದರಂತೆ. ಜೈಲಿನ ಹೊರಗೋಡೆಯ ಬಳಿ ಆರೂ ಜನರನ್ನು ಗುಂಡಿಕ್ಕಿ ಕೊಂದು, ಶವಗಳನ್ನು ಪೇರ್ ಲಾಶೇಸ್ ಸ್ಮಶಾನದ ಹೊಂಡಕ್ಕೆ ಎಸೆದರು.

ನಾಲ್ಕು ದಿನ ಕಳೆದು, ಮೇ 28ರಂದು, ಅದೇ ಸ್ಮಶಾನದ ಗೋಡೆಗೆ 147 ಕಮ್ಯೂನ್ ಹೋರಾಟಗಾರರನ್ನು ನಿಲ್ಲಿಸಿ ವರ್ಸೈ ಸೈನಿಕರು ಗುಂಡಿಕ್ಕಿದರು. ಅವರ ಹೆಣಗಳೂ ಅಲ್ಲೇ ಹೊಂಡಕ್ಕೆ ಬಿದ್ದವು. ಆ ಒಂದು ವಾರದಲ್ಲಿ ಪ್ಯಾರಿಸ್ಸಿನಲ್ಲಿ ಸತ್ತವರು ಸಾವಿರಾರು. ಕೋಣ ಕೋಣಗಳ ಜಗಳದಲ್ಲಿ ಗಿಡಕ್ಕೆ ಮಿತ್ತು ಎನ್ನುತ್ತೇವಲ್ಲ, ಇಲ್ಲಿ ಇಡೀ ತೋಟವೇ ನೆಲಸಮವಾಯಿತು.

ಜೂನ್ 7ರಂದು ನೋತ್ರ್ ದಾಮಿನಲ್ಲಿ ದಾರ್ಬ್ವಾ ಅವರ ಅಂತ್ಯಕ್ರಿಯೆ ಸರ್ಕಾರದ ಗೌರವದೊಂದಿಗೆ ನಡೆಯಿತು. ಬದುಕಿದ್ದಾಗ ಒಬ್ಬ ಮುದಿ ಕೈದಿಯಷ್ಟೂ ತೂಗದಿದ್ದ ಮನುಷ್ಯನಿಗೆ ಸತ್ತ ಮೇಲೆ ಎಷ್ಟೊಂದು ಬೆಲೆ! ಅಂದಿನಿಂದ ಎರಡು ಶೋಕಗಳು ಬೇರೆಬೇರೆ ದಾರಿ ಹಿಡಿದವು. ಎಡಪಂಥೀಯರು ಪ್ರತಿ ಮೇ ತಿಂಗಳು ಆ ಗೋಡೆಯ ಬಳಿ ಸೇರುತ್ತಾರೆ. ಕೆಥೊಲಿಕರು ತಮ್ಮ ಒತ್ತೆಯಾಳುಗಳಿಗಾಗಿ ಪ್ರಾರ್ಥಿಸುತ್ತಾರೆ. 2021ರ ಮೇ 29ರಂದು, ನೂರೈವತ್ತು ವರ್ಷ ತುಂಬಿದಾಗ, ಒತ್ತೆಯಾಳುಗಳ ನೆನಪಿಗೆ ಹೊರಟ ಕೆಥೊಲಿಕರ ಮೆರವಣಿಗೆಯ ಮೇಲೆ ಪ್ಯಾರಿಸ್ಸಿನ ಬೀದಿಯಲ್ಲೇ ದಾಳಿ ನಡೆಯಿತು.

ನೂರೈವತ್ತು ವರ್ಷವಾದರೂ ನಮ್ಮ ಹೆಣ, ಅವರ ಹೆಣ ಎಂಬ ಲೆಕ್ಕ ಮುಗಿದಿಲ್ಲ. ಒತ್ತೆಯಾಳು ಎಂದರೆ ಹೆಸರು ಅಳಿಸಿ ಗುಂಪಿನ ಮುದ್ರೆ ಒತ್ತಿಸಿಕೊಂಡ ಮನುಷ್ಯ. ಪೋಪರಿಗೆ ಎದುರಾಡಿದ, ಗಾಯಾಳುಗಳ ನಡುವೆ ನಿಂತ ದಾರ್ಬ್ವಾ ಯಾರ ಕಣ್ಣಿಗೂ ಬೀಳಲಿಲ್ಲ, ಬಿದ್ದದ್ದು ಬಿಷಪ್ಪರ ನಿಲುವಂಗಿ ಮಾತ್ರ. ಗೋಡೆಗೆ ನಿಂತ 147 ಜನರಲ್ಲೂ ಸೈನಿಕರಿಗೆ ಕಂಡದ್ದು ದಂಗೆಕೋರರಷ್ಟೇ.

ಮಜಾಸ್ ಜೈಲಿನ ಆ ಮಬ್ಬು ಕೋಣೆಯಲ್ಲಿ ಮಾತ್ರ ಒಬ್ಬ ಮನುಷ್ಯ ಈ ಲೆಕ್ಕಕ್ಕೆ ಸೇರಲಿಲ್ಲ. ತನ್ನ ಬಾಗಿಲಿಗೆ ಬೀಗ ಹಾಕಿದವರಲ್ಲೂ ಅವರು ಮನುಷ್ಯರನ್ನೇ ಕಂಡರು. ಆ ನಂಬಿಕೆ ಅವರ ಜೀವ ಉಳಿಸಲಿಲ್ಲ. ಆದರೂ ಪೇರ್ ಲಾಶೇಸ್ ಗೋಡೆಗೆ ಹೂವಿಡುವವರು ಒಂದು ಹೂವನ್ನು ಆರು ಜನರ ಆ ಹೊಂಡಕ್ಕೂ, ಒತ್ತೆಯಾಳುಗಳಿಗಾಗಿ ಪ್ರಾರ್ಥಿಸುವವರು ಒಂದು ಪ್ರಾರ್ಥನೆಯನ್ನು ಆ ಗೋಡೆಗೂ ಮೀಸಲಿಡುವ ದಿನ ಬಂದರೆ, ದಾರ್ಬ್ವಾ ಹೇಳಿದ ಮಾತಿಗೆ ಅದೇ ಸರಿಯಾದ ಗೌರವ.