ಮಂತ್ರದ ಉಕ್ಕೂ ಹದಿಮೂರು ಜನರೂ

ಫ್ಯಾಂಟಸಿ ಕಾದಂಬರಿಗಳಲ್ಲಿ ಬರುವ ಅಪರೂಪದ ಲೋಹಕ್ಕೆ ಒಂದು ಕಾಯಂ ಜಾತಕವಿದೆ. ಅದು ಹಗುರ, ಆದರೆ ಮುರಿಯುವುದಿಲ್ಲ. ಅದನ್ನು ಮಾಡಬಲ್ಲವರು ಎಂದೋ ನಾಶವಾಗಿದ್ದಾರೆ. ಉಳಿದಿರುವ ಕೆಲವೇ ಕತ್ತಿಗಳು ದೊಡ್ಡ ಮನೆತನಗಳ ಸೊತ್ತು. ಈ ಜಾತಕದ ಅತ್ಯಂತ ಜನಪ್ರಿಯ ಫಲ ಜಾರ್ಜ್ ಆರ್. ಆರ್. ಮಾರ್ಟಿನ್ 1996ರಿಂದ ಪ್ರಕಟಿಸುತ್ತಿರುವ ಕಾದಂಬರಿಗಳ ವೆಲೇರಿಯನ್ ಉಕ್ಕು. ಡ್ರ್ಯಾಗನ್ ಬೆಂಕಿಯಲ್ಲಿ, ಮಂತ್ರ ಹಾಕಿ ಮಾಡಿದ್ದು. ಮೈಮೇಲೆ ನೀರಿನ ಅಲೆಯಂಥ ಗೆರೆಗಳು. ವೆಲೇರಿಯಾ ಸುಟ್ಟುಹೋದ ಮೇಲೆ ಗುಟ್ಟೂ ಹೋಯಿತು. ಅಲ್ಲಿ ಕತ್ತಿಗಳಿಗೆ ಹೆಸರಿದೆ, ಹಿಡಿದವರಿಗೆ ವಂಶಾವಳಿಯಿದೆ. ಮೊದಲು ಕಾಯಿಸಿ ಬಡಿದವರಿಗೆ ಏನೂ ಇಲ್ಲ. (ಹಳೆಯ ಖಡ್ಗವನ್ನು ಕರಗಿಸಿ ಎರಡು ಮಾಡಿಕೊಡುವ ಟೋಬೋ ಮೋಟ್ ಎಂಬ ಕಮ್ಮಾರ ಒಬ್ಬ ಬರುತ್ತಾನೆ, ಒಪ್ಪಿದೆ. ಅವನದು ರಿಪೇರಿ ಕೆಲಸ.)

ಪಡುಬಿದ್ರಿಯವಳಾದ ನಾನು ಸಂಶೋಧನೆ ಮಾಡುತ್ತಿರುವುದು ತುಳು ಪಾಡ್ದನಗಳ ಮೇಲೆ. ಹಾಗಾಗಿ ಕಲ್ಪನೆಯ ಬಗ್ಗೆ ನನಗೆ ಜಗಳವಿಲ್ಲ. ಜಗಳವಿರುವುದು ಈ 'ಕಳೆದುಹೋದ ಗುಟ್ಟಿ'ನ ಬಗ್ಗೆ. ಏಕೆಂದರೆ ಆ ಅಲೆಗೆರೆಯ ಉಕ್ಕು ನಿಜಕ್ಕೂ ಇತ್ತು, ಅದನ್ನು ಮಾಡುತ್ತಿದ್ದ ಊರುಗಳಲ್ಲಿ ಕೆಲವು ಕನ್ನಡದವು.

1795ರಲ್ಲಿ ಜಾರ್ಜ್ ಪಿಯರ್ಸನ್ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ 'ವೂಟ್ಜ್' ಎಂಬ ಉಕ್ಕಿನ ಬಗ್ಗೆ ಬರೆದ. ಮುಂಬಯಿಯಿಂದ ಡಾ. ಹೆಲೆನಸ್ ಸ್ಕಾಟ್ ಕಳುಹಿಸಿದ್ದ ಬಿಲ್ಲೆಗಳು ಅವು. ಈ ವಿಚಿತ್ರ ಪದ ನಮ್ಮ 'ಉಕ್ಕು' ಇಂಗ್ಲಿಷ್ ಬರಹದಲ್ಲಿ ಕೆಟ್ಟು ಹುಟ್ಟಿದ್ದು ಎಂಬುದು ಸಾಮಾನ್ಯವಾಗಿ ಒಪ್ಪಿರುವ ವಿವರಣೆ. ಡೈನಮೊ ಖ್ಯಾತಿಯ ಮೈಕೆಲ್ ಫ್ಯಾರಡೆ ಕೂಡ ಇದರ ಹಿಂದೆ ಬಿದ್ದು, ಸ್ಟೊಡಾರ್ಟ್ ಜೊತೆ 1820ರಲ್ಲಿ ಪ್ರಬಂಧ ಪ್ರಕಟಿಸಿದ. ಇಂಥ ಬಿಲ್ಲೆಗಳು ಅದಕ್ಕೂ ಬಹಳ ಹಿಂದಿನಿಂದ ಪರ್ಷಿಯಾ, ಅರಬ್ ನಾಡುಗಳಿಗೆ ಹೋಗಿ ಖಡ್ಗಗಳಾಗಿ, ಕೊನೆಗೆ 'ಡಮಾಸ್ಕಸ್' ಎಂಬ ಹೆಸರು ಪಡೆದಿದ್ದವು. ಸರಕು ನಮ್ಮದು, ಹೆಸರು ಮಾರುಕಟ್ಟೆಯದ್ದು.

ಮಾಡುತ್ತಿದ್ದುದು ಹೇಗೆ? ಫ್ರಾನ್ಸಿಸ್ ಬುಕನನ್ 1800–01ರಲ್ಲಿ ಮೈಸೂರು, ಕೆನರಾ, ಮಲಬಾರುಗಳನ್ನು ಸುತ್ತಿದಾಗ ಇದನ್ನು ವಿವರವಾಗಿ ಬರೆದಿಟ್ಟ. ಇಂದಿನ ತುಮಕೂರು ಜಿಲ್ಲೆಯ ಚನ್ನರಾಯನದುರ್ಗದ ಸುತ್ತ ಈ ಕೆಲಸ ನಡೆಯುತ್ತಿತ್ತು. ಜೇಡಿಮಣ್ಣಿನ ಮೂಸೆಯೊಳಗೆ ಮೆದು ಕಬ್ಬಿಣದ ತುಂಡು, ಜೊತೆಗೆ ತಂಗಡಿ ಗಿಡದ ಕಡ್ಡಿ, ಒಂದೆರಡು ಹಸಿರು ಎಲೆ. ಬಾಯಿಗೆ ಮಣ್ಣು ಮೆತ್ತಿ ಕುಲುಮೆಯಲ್ಲಿ ಜೋಡಿಸಿ, ಗಂಟೆಗಟ್ಟಲೆ ತಿದಿ ಒತ್ತುವುದು. ಕಡ್ಡಿ ಸುಟ್ಟು ಅದರ ಇಂಗಾಲ ಕಬ್ಬಿಣಕ್ಕೆ ಇಳಿಯುತ್ತದೆ, ಕಬ್ಬಿಣ ಉಕ್ಕಾಗುತ್ತದೆ. ಒಂದು ಕುಲುಮೆಗೆ 13 ಜನ. ಮೂಸೆ ಮಾಡಿ ತುಂಬುವ ಮುಖ್ಯಸ್ಥ ಒಬ್ಬ. ಉಳಿದ ಹನ್ನೆರಡು ಮಂದಿ ಮೂವರಂತೆ ನಾಲ್ಕು ಪಾಳಿ, ಒಬ್ಬ ಬೆಂಕಿಗೆ, ಇಬ್ಬರು ತಿದಿಗೆ. ಡ್ರ್ಯಾಗನ್ ಇದ್ದ ಜಾಗದಲ್ಲಿ ಈ ಇಬ್ಬರನ್ನು ನಿಲ್ಲಿಸಿ ನೋಡಿ.

ಅಲೆಗೆರೆಯ 'ಮಂತ್ರ'ವನ್ನೂ ನೋಡೋಣ. ಅಮೆರಿಕದ ಲೋಹಶಾಸ್ತ್ರಜ್ಞ ಜಾನ್ ವರ್ಹೋವನ್, ಕಮ್ಮಾರ ಆಲ್ಫ್ರೆಡ್ ಪೆಂಡ್ರೆ ಸೇರಿ 1990ರ ದಶಕದಲ್ಲಿ ಅಂಥದೇ ಅಲಗುಗಳನ್ನು ಮಾಡಿ ತೋರಿಸಿದರು. ಅದಿರಿನಲ್ಲಿ ವನೇಡಿಯಂನಂಥ ಲೋಹದ ಸಣ್ಣ ಅಂಶವಿದ್ದು, ಅಳತೆಯ ಶಾಖದಲ್ಲಿ ಮತ್ತೆ ಮತ್ತೆ ಕಾಯಿಸಿ ಬಡಿದರೆ ಗೆರೆ ಮೂಡುತ್ತದೆ ಎಂಬುದು ಅವರ ವಾದ. ಅಂದರೆ ಗುಟ್ಟಿನ ಅರ್ಧ ಮಣ್ಣಿನಲ್ಲಿತ್ತು, ಇನ್ನರ್ಧ ಬಡಿಯುವವನ ಕಣ್ಣಳತೆಯಲ್ಲಿತ್ತು. ಇಷ್ಟಾದರೂ ನಾವು 'ಕಳೆದುಹೋಯಿತು' ಎನ್ನುತ್ತೇವೆ. ವೆಲೇರಿಯಾ ಒಂದೇ ದಿನದಲ್ಲಿ ಸುಟ್ಟಿತು. ನಮ್ಮ ಕುಲುಮೆಗಳು ಹಾಗೆ ಆರಲಿಲ್ಲ. 1856ರಲ್ಲಿ ಬೆಸೆಮರ್ ಪೇಟೆಂಟ್ ಪಡೆದ ವಿಧಾನದಿಂದ ಇಂಗ್ಲೆಂಡಿನ ಉಕ್ಕು ಅಗ್ಗವಾಯಿತು. 1865, 1878ರ ಅರಣ್ಯ ಕಾಯ್ದೆಗಳ ಕಾಲದಲ್ಲಿ ಇದ್ದಿಲಿನ ಕಾಡು ಸರಕಾರದ್ದಾಯಿತು. ಕೊಳ್ಳುವವರಿಲ್ಲದ, ಸೌದೆಯಿಲ್ಲದ ಕಮ್ಮಾರ ಕಸುಬು ಬಿಟ್ಟ. ಇದನ್ನು ಗುಟ್ಟು ಮಾಯವಾಯಿತು ಎನ್ನುವುದು ಬೆಲೆ, ಕಾಯ್ದೆ, ಸಾಮ್ರಾಜ್ಯ ಮೂರನ್ನೂ ಒಟ್ಟಿಗೆ ಬಿಡುಗಡೆ ಮಾಡಿದಂತೆ.

ಇಷ್ಟು ಹೇಳಿದ ತಕ್ಷಣ ಇನ್ನೊಂದು ಗುಂಪು ಚಪ್ಪಾಳೆ ತಟ್ಟುತ್ತದೆ. ಅವರ ಚಪ್ಪಾಳೆ ನನಗೆ ಬೇಡ. 2006ರಲ್ಲಿ ಜರ್ಮನಿಯ ಡ್ರೆಸ್ಡನ್ನಿನ ವಿಜ್ಞಾನಿಗಳು ಡಮಾಸ್ಕಸ್ ಖಡ್ಗವೊಂದರಲ್ಲಿ ಇಂಗಾಲದ ನ್ಯಾನೊ ಕೊಳವೆಗಳನ್ನು ಕಂಡೆವೆಂದು 'ನೇಚರ್' ಪತ್ರಿಕೆಯಲ್ಲಿ ಬರೆದರು. ಅಂದಿನಿಂದ ನಮ್ಮ ಪೂರ್ವಜರಿಗೆ ನ್ಯಾನೊ ತಂತ್ರಜ್ಞಾನ ಗೊತ್ತಿತ್ತು ಎಂಬ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ಸುತ್ತುತ್ತಿದೆ. ಗೊತ್ತಿರಲಿಲ್ಲ. ಅವರಿಗೆ ಗೊತ್ತಿದ್ದದ್ದು ಬೆಂಕಿಯ ಬಣ್ಣ, ಮೂಸೆಯ ಮಣ್ಣು, ಯಾವ ಗುಡ್ಡದ ಅದಿರು ಕೈಕೊಡುವುದಿಲ್ಲ ಎಂಬುದು. ಅಷ್ಟು ಸಾಲದು ಎಂದು ತಲೆಯ ಮೇಲೆ ನ್ಯಾನೊ ಕಿರೀಟ ಇಡುವವರಿಗೂ ಮಾರ್ಟಿನ್‌ನ ಮಂತ್ರವಾದಿಗಳಿಗೂ ನನಗೆ ವ್ಯತ್ಯಾಸ ಕಾಣುವುದಿಲ್ಲ. ಇಬ್ಬರಿಗೂ ಉಕ್ಕು ಬೇಕು, ಕಮ್ಮಾರ ಬೇಡ. 'ಪೂರ್ವಜರು' ಎಂದು ಎದೆ ತಟ್ಟಿಕೊಳ್ಳುವ ಎಷ್ಟು ಮನೆಗಳು ಕಮ್ಮಾರನಿಗೆ ಒಳಗೆ ಮಣೆ ಹಾಕುತ್ತಿದ್ದವು ಎಂಬ ಪ್ರಶ್ನೆ ಬೇರೆಯೇ ಇದೆ.

"ಕತೆಗೆ ಇಷ್ಟೆಲ್ಲ ಲೆಕ್ಕ ಕೇಳಬಾರದು, ಅದು ಕಲ್ಪನೆ" ಎಂದು ಗೆಳೆಯರು ವಾದಿಸುತ್ತಾರೆ. ಸರಿ, ಕಲ್ಪನೆಯನ್ನೇ ನೋಡೋಣ. ಪಡುಬಿದ್ರಿಯಿಂದ ಬಸ್ಸು ಹತ್ತಿದರೆ ಗಂಟೆಯೊಳಗೆ ಕಾರ್ಕಳ. ಅಲ್ಲಿನ ಗೊಮ್ಮಟ ನಿಂತದ್ದು 1432ರಲ್ಲಿ. ಕಲ್ಕುಡನ ಪಾಡ್ದನದ ಪ್ರಕಾರ ಅದನ್ನು ಕೆತ್ತಿದವನು ಬೀರ ಕಲ್ಕುಡ. ಇಂಥದ್ದು ಇನ್ನೆಲ್ಲೂ ಆಗಬಾರದೆಂದು ಅರಸ ಅವನ ಒಂದು ಕೈ, ಒಂದು ಕಾಲು ಕಡಿಸುತ್ತಾನೆ. ಕಲ್ಕುಡ ಉಳಿದ ಒಂದು ಕೈ ಒಂದು ಕಾಲಲ್ಲಿ ವೇಣೂರಿಗೆ ಹೋಗಿ ಅಲ್ಲಿಯ ಗೊಮ್ಮಟನನ್ನು ಕೆತ್ತುತ್ತಾನೆ. ವೇಣೂರಿನದು 1604ರದ್ದು, ನಡುವೆ 172 ವರ್ಷ. ಪಾಡ್ದನಕ್ಕೆ ಆ ಲೆಕ್ಕ ಬೇಡ. ಅದು ಮಾರ್ಟಿನ್‌ಗಿಂತ ಧಾರಾಳವಾಗಿ ಕಲ್ಪಿಸುತ್ತದೆ, ಮಾಯವೂ ಅದರಲ್ಲಿದೆ. ಆದರೆ ಉಳಿ ಹಿಡಿದವನ ಹೆಸರು ಬಿಡುವುದಿಲ್ಲ, ಗುಟ್ಟು ಇಲ್ಲವಾಗಿಸಲು ಹೊರಟವನು ಯಾರೆಂಬುದನ್ನೂ ಬಿಡುವುದಿಲ್ಲ. ಕಲ್ಕುಡ, ಅವನ ತಂಗಿ ಕಲ್ಲುರ್ಟಿ ಇಬ್ಬರೂ ಕೊನೆಗೆ ದೈವಗಳಾಗಿ ಅರಸನನ್ನು ಕಾಡುತ್ತಾರೆ.

ಈಗ ಕನ್ನಡದಲ್ಲೂ ಫ್ಯಾಂಟಸಿ ಬರೆಯುವ ಉಮೇದು ಕಾಣುತ್ತಿದೆ. ನನಗೆ ಓದಲು ಕಳುಹಿಸಿದ ಹಸ್ತಪ್ರತಿಗಳಲ್ಲಿ ಎರಡರಲ್ಲಿ ಅಪರೂಪದ ಲೋಹವಿತ್ತು. ಎರಡಕ್ಕೂ ಇಂಗ್ಲಿಷಿನಂತೆ ಕೇಳುವ ಹೆಸರು, ಎರಡೂ ಆಕಾಶದಿಂದ ಬಿದ್ದವು. ಇಬ್ಬರಿಗೂ ನಾನು ಬರೆದದ್ದು ಒಂದೇ ಪ್ರಶ್ನೆ: ಈ ಲೋಹ ಕಾಯಿಸಲು ಇದ್ದಿಲು ಯಾವ ಕಾಡಿನಿಂದ ಬರುತ್ತದೆ, ರಾತ್ರಿ ಪಾಳಿಯಲ್ಲಿ ತಿದಿ ಒತ್ತುವವರು ಯಾರು? ಒಬ್ಬರಿಂದ ಉತ್ತರ ಬಂದಿಲ್ಲ. ಇನ್ನೊಬ್ಬರು ಮೂರನೆಯ ಅಧ್ಯಾಯವನ್ನು ಮತ್ತೆ ಬರೆಯುತ್ತಿದ್ದಾರಂತೆ.