ಮರೆವಿನ ಕೋಟೆಯ ಎಲೆಗಳು



ವಿಡಿಯೋ ಗೇಮ್ ಎಂದರೆ ಗುಂಡು ಹಾರಿಸುವುದು, ಕಾರು ಓಡಿಸುವುದು ಅಷ್ಟೇ ಎಂದುಕೊಂಡ ಹಿರಿಯರು ನಮ್ಮ ಸಂಘದಲ್ಲಿ ಬಹಳ ಮಂದಿ. ಅವರಿಗೆ ನೀವು ತೋರಿಸಬೇಕಾದ ಆಟವೊಂದಿದೆ: 'ಕಿಂಗ್‌ಡಮ್ ಹಾರ್ಟ್ಸ್: ಚೈನ್ ಆಫ್ ಮೆಮೊರೀಸ್'. ಅಂಗೈಯಲ್ಲಿ ಹಿಡಿದು ಆಡುವ ಗೇಮ್ ಬಾಯ್ ಅಡ್ವಾನ್ಸ್‌ಗಾಗಿ ಜಪಾನಿನ ಸ್ಕ್ವೇರ್ ಎನಿಕ್ಸ್ ಕಂಪನಿ 2004ರಲ್ಲಿ ಹೊರತಂದದ್ದು. ಮಗನ ಹಳೆಯ ಯಂತ್ರದಲ್ಲಿ ನಾನೂ ಆಡಿದ್ದೇನೆ.

ಇಲ್ಲಿ ಆಯುಧ ಬೀಸಲಿಕ್ಕೂ ಮಂತ್ರ ಹಾಕಲಿಕ್ಕೂ ಇಸ್ಪೀಟಿನಂತೆ ಕೈಯಲ್ಲಿ ಎಲೆ ಬೇಕು. ಎಲೆಗಳ ಮೇಲೆ 0ಯಿಂದ 9ರವರೆಗೆ ಅಂಕೆ. ವೈರಿ 5 ಇಳಿಸಿದರೆ ನೀವು 6 ಇಳಿಸಿ ಮುರಿಯಬಹುದು. ಸೊನ್ನೆಯ ಗಮ್ಮತ್ತೇ ಬೇರೆ. ಮೊದಲು ಇಳಿಸಿದರೆ ಯಾವ ಎಲೆಗೂ ಸೋಲುತ್ತದೆ; ವೈರಿ ಇಳಿಸಿದ ಮೇಲೆ ಹಾಕಿದರೆ ಒಂಬತ್ತನ್ನೂ ಮುರಿಯುತ್ತದೆ! ಮೂರು ಎಲೆ ಜೋಡಿಸಿ ದೊಡ್ಡ ಪೆಟ್ಟು ಕೊಡಬಹುದು. ಆದರೆ ಅದರಲ್ಲಿ ಮೊದಲನೆಯ ಎಲೆ ಆ ಕಾಳಗ ಮುಗಿಯುವವರೆಗೆ ಮತ್ತೆ ಕೈಗೆ ಬಾರದು.

ಕಥೆ ನಡೆಯುವುದು ಮರೆವಿನ ಕೋಟೆಯಲ್ಲಿ. ಸೋರಾ ಎಂಬ ಹುಡುಗ ಒಂದೊಂದೇ ಅಂತಸ್ತು ಹತ್ತಿದಂತೆ ಅವನ ನೆನಪುಗಳು ಒಂದೊಂದಾಗಿ ಜಾರುತ್ತವೆ. ತೆರವಾದ ಜಾಗದಲ್ಲಿ ನಾಮಿನೆ ಎಂಬ ಹುಡುಗಿ, ಕೋಟೆಯವರ ಬಲವಂತಕ್ಕೆ ಸಿಕ್ಕಿ, ಸುಳ್ಳು ನೆನಪು ಪೋಣಿಸುತ್ತಾಳೆ. ಬಾಲ್ಯದ ಗೆಳತಿ ಕೈರಿಯ ಹೆಸರೇ ಅವನಿಗೆ ಮರೆತುಹೋಗುತ್ತದೆ.

ನಮ್ಮ ಮನೆಗಳಲ್ಲೂ ಮರೆವು ಮೆಟ್ಟಿಲು ಮೆಟ್ಟಿಲಾಗಿಯೇ ಬರುವುದು. ಮೊದಲು ದೊಡ್ಡಪ್ಪ, ಚಿಕ್ಕಪ್ಪ, ಸೋದರಮಾವ ಎಲ್ಲರೂ 'ಅಂಕಲ್' ಆಗುತ್ತಾರೆ. ಆಮೇಲೆ ಊರಿನಿಂದ ಬಂದ ಮದುವೆಯ ಕರೆಯೋಲೆ ಓದಲು ಅಮ್ಮ ಬೇಕು. ಕೊನೆಗೆ ಅಜ್ಜಿಯ ಫೋನಿಗೆ ಬರೀ 'ಹೂಂ'. ಯಾವ ದಿನ ಮರೆತಿರಿ ಎಂದು ಕೇಳಿದರೆ ಯಾರಿಗೂ ಗೊತ್ತಿಲ್ಲ.

ಆಟದ ಕೊನೆಯಲ್ಲಿ ಒಂದು ಸಮಾಧಾನವಿದೆ. ಹಳೆಯ ನೆನಪು ನಾಶವಾಗಿರುವುದಿಲ್ಲ, ಸರಪಳಿಯ ಕೊಂಡಿ ಕಳಚಿರುತ್ತದೆ, ಅಷ್ಟೇ. ಸೋರಾ ನಿದ್ರೆಗೆ ಜಾರುತ್ತಾನೆ. ನಾಮಿನೆ ಅವನ್ನು ಒಂದೊಂದಾಗಿ ಮತ್ತೆ ಜೋಡಿಸಲು ಕೂರುತ್ತಾಳೆ. ಆದರೆ ಅದಕ್ಕೆ ಬೆಲೆಯಾಗಿ ಅವನು ಕೋಟೆಯಲ್ಲಿ ಕಂಡದ್ದನ್ನೆಲ್ಲ ಮರೆಯಬೇಕು, ನಾಮಿನೆಯನ್ನೂ ಸಹ. ಉಳಿಯುವುದು ದಿನಚರಿಯಲ್ಲಿ ಅವಳಿಗೆ ಕೃತಜ್ಞತೆ ಹೇಳಬೇಕೆಂದು ಬರೆದಿಟ್ಟ ಒಂದೇ ಒಂದು ಸಾಲು.

ಸೋರಾ ಎರಡರಲ್ಲಿ ಒಂದನ್ನು ಬಿಡಬೇಕಾಯಿತು. ನಿಮಗೆ ಆ ಕಷ್ಟವಿಲ್ಲ. ಮರಾಠಿಯೂ ಇರಲಿ, ಇಂಗ್ಲಿಷೂ ಇರಲಿ, ಗೇಮೂ ಇರಲಿ. ಈ ಭಾನುವಾರ ಅಜ್ಜಿಗೆ ನೀವೇ ಫೋನ್ ಮಾಡಿ. ನಿಮಗೆ ತಿಳಿಯದ ಒಂದೇ ಒಂದು ಮಾತು ಕೇಳಿ, ಕನ್ನಡದಲ್ಲೇ ಬರೆದಿಟ್ಟುಕೊಳ್ಳಿ. ಒಂದು ಕೊಂಡಿ ಸಿಕ್ಕರೆ ಮುಂದಿನದು ತಾನಾಗಿ ಬರುತ್ತದೆ.